ಬೆಕ್ಕಿಗೆ ಹೇಳಿದ ಮಾತು

ನನಗಾಗ ಎಪ್ಪತ್ತೊಂದು ವರ್ಷ. ಇದೆಲ್ಲ ನಡೆದು ನಾಲ್ಕು ವರ್ಷವಾಯಿತು. ಇವತ್ತಿಗೂ ನೆನೆಸಿಕೊಂಡರೆ ಹಳಸಿದ ಮೀನಿನ ನೀರು ಬಾಯಿಗೆ ಬಂದ ಹಾಗಾಗುತ್ತದೆ.

ಕುಂದಾಪುರದ ಮೀನು ಮಾರ್ಕೆಟ್ಟಿನಲ್ಲಿ ನನ್ನ ಎಡಗಡೆ ನನ್ನ ನಾದಿನಿ ಕೂರುತ್ತಾಳೆ. ಮೊದಲು ಅದು ಒಂದೇ ಜಾಗ, ನನ್ನ ಅತ್ತೆಯದ್ದು. ಅತ್ತೆ ಸತ್ತ ಮೇಲೆ ಅರ್ಧ ಮಗಳಿಗೆ, ಅರ್ಧ ಸೊಸೆಗೆ. ಕೂತರೆ ಮೊಣಕಾಲಿಗೆ ಮೊಣಕಾಲು ತಾಗುತ್ತದೆ. ಅವಳಿಗೂ ನನಗೂ ಹತ್ತೊಂಬತ್ತು ವರ್ಷದಿಂದ ಮಾತಿರಲಿಲ್ಲ.

ಕಾರಣ ಸಣ್ಣದಲ್ಲ. ನನ್ನ ಗಂಡ, ಅಂದರೆ ಅವಳ ಅಣ್ಣ, ಒಂದು ಬೆಳಿಗ್ಗೆ ಬೋಟಿನಿಂದ ಇಳಿದು ಬಂದು ಎದೆ ಹಿಡಿದುಕೊಂಡು ಜಗಲಿಯಲ್ಲಿ ಕೂತ. ಗ್ಯಾಸಿರಬೇಕು ಅಂತ ನಾನು ಸೋಡಾ ತರಿಸಿ ಕುಡಿಸಿದೆ. ಡಾಕ್ಟರ ಹತ್ತಿರ ನಾಳೆ ಹೋದರಾಯಿತು ಅಂದೆ. ಸಂಜೆಗೆ ಸತ್ತ. ಹೆಣದ ಎದುರು, ಊರವರೆಲ್ಲ ನಿಂತಿರುವಾಗ, ನಾದಿನಿ ಹೇಳಿದಳು: "ಸೋಡಾ ಕುಡ್ಸಿ ಕೊಂದ್ಳ್." ಅಲ್ಲಿಗೆ ಮಾತು ನಿಂತಿತು.

ಆದರೆ ಪಕ್ಕ ಪಕ್ಕ ಕೂತು ವ್ಯಾಪಾರ ಮಾಡುವವರಿಗೆ ಪೂರ್ತಿ ಬಾಯಿ ಮುಚ್ಚಿದರೆ ನಡೆಯುವುದಿಲ್ಲ. ಮಾರ್ಕೆಟ್ಟಿನಲ್ಲಿ ಬೆಕ್ಕಿಗೇನು ಬರವೇ. ಒಂದು ದಿನ ಅವಳು ತನ್ನ ಬುಟ್ಟಿಯ ಹತ್ತಿರ ಕೂತಿದ್ದ ಬೆಕ್ಕಿಗೆ ಹೇಳಿದಳು: "ಕೇಣ್ ಹೆಣೆ, ನಾಳೆ ಗಂಗೊಳ್ಳಿಗ್ ಹೋಯಿ ಗುಣ ಇಲ್ಲೆ. ಬೋಟೇ ಬತ್ತಿಲ್ಲೆ ಅಂಬ್ರ್." ಬೆಕ್ಕು ಗಂಗೊಳ್ಳಿಗೆ ಮೀನು ತರಲು ಹೋಗುವುದಿಲ್ಲ. ಹೋಗುವವಳು ನಾನು. ಮರುದಿನ ನಾನು ಹೋಗಲಿಲ್ಲ. ನಿಜಕ್ಕೂ ಬೋಟು ಬಂದಿರಲಿಲ್ಲ.

ಹಾಗೆ ಶುರುವಾದದ್ದು. ನನಗೆ ಜ್ವರ ಬಂದರೆ ಬೆಕ್ಕಿಗೆ ಬೈಗುಳ: "ಮನಿಗ್ ಹೋಯಿ ಮನಿಕಂಬುಕ್ ಆತಿಲ್ಯಾ ಈ ಬೆಕ್ಕಿಗೆ? ಇಲ್ ಬಂದ್ ಸಾಯೂಕೆ ನೋಡ್ತ್." ಅವಳ ಮಗಳಿಗೆ ಸಂಬಂಧ ಬಂದಾಗ ನಾನು ಬೆಕ್ಕಿಗೆ ಹೇಳಿದೆ: "ಆ ಗಂಡಿಗ್ ಬೆಳಿಗ್ಗೆ ಎದ್ರೆ ಬಾಟ್ಲಿ ಬೇಕಂಬ್ರ್. ಕಂಡ್ಕೋ ಬೆಕ್ಕೇ." ಆ ಸಂಬಂಧ ಮುರಿಯಿತು. ಮಗಳನ್ನು ಆಮೇಲೆ ಬೈಂದೂರಿಗೆ ಕೊಟ್ಟರು, ಸುಖವಾಗಿದ್ದಾಳೆ. ಬೆಕ್ಕು ಐದಾರು ಬದಲಾದವು. ಬೆಕ್ಕು ಇಲ್ಲದ ದಿನ ಐಸಿನ ಪೆಟ್ಟಿಗೆಗೆ ಹೇಳುತ್ತಿದ್ದೆವು. ಒಬ್ಬರ ಮುಖ ಒಬ್ಬರು ನೋಡಬಾರದು. ಉತ್ತರ ಕೂಡಲೇ ಕೊಡಬಾರದು, ನಡುವೆ ಒಬ್ಬ ಗಿರಾಕಿಯಾದರೂ ಬಂದು ಹೋಗಬೇಕು. ಇದನ್ನು ಯಾರೂ ಕೂತು ಗೊತ್ತು ಮಾಡಿದ್ದಲ್ಲ. ಮಾರ್ಕೆಟ್ಟಿನವರಿಗೆ ಗೊತ್ತಿತ್ತು, ಆದರೆ ಯಾರೂ ಅದನ್ನು ಬಾಯಿಗೆ ತರುತ್ತಿರಲಿಲ್ಲ. ಸೀರೆ ಹರಿದವಳಿಗೆ ಸೀರೆ ಹರಿದಿದೆ ಅಂತ ಕೂಗಿ ಹೇಳುವುದುಂಟೇ.

ಇಂಥಲ್ಲಿಗೆ ಆ ಹುಡುಗಿ ಬಂದಳು. ಘಟ್ಟದ ಮೇಲಿನವಳು, ಯಾವುದೋ ವಿಶ್ವವಿದ್ಯಾಲಯದಲ್ಲಿ ಡಾಕ್ಟರೇಟು ಮಾಡುತ್ತಿದ್ದಳು. ಮೊದಲ ದಿನವೇ ಒಂದು ಕಾಗದಕ್ಕೆ ಎಲ್ಲರ ಸಹಿ ತೆಗೆದುಕೊಂಡಳು. ನಾನೂ ಹಾಕಿದೆ. ಮೂರನೇ ಕ್ಲಾಸಿನವರೆಗೆ ಹೋದವಳು ನಾನು, ಸಹಿ ಬರುತ್ತದೆ. ಕಾಗದದಲ್ಲಿ ಏನಿತ್ತೆಂದು ಓದಲಿಲ್ಲ, ಬುಟ್ಟಿಯಲ್ಲಿದ್ದ ಬೈಗೆ ಮೀನು ಬಿಸಿಲಿಗೆ ಹಾಳಾಗುತ್ತಿತ್ತು.

"ನೀವು ಎಂತ ಓದೂದ್ ಮಗಾ?" ಅಂತ ಕೇಳಿದೆ.

"ಸಾಂಕೇತಿಕ ಅಂತರಕ್ರಿಯೆ ಅಂತ, ಅಜ್ಜಿ. ಜನ ಒಬ್ಬರಿಗೊಬ್ಬರು ಸನ್ನೆ ಮಾಡ್ತಾರೆ, ಮಾತಾಡ್ತಾರೆ, ವಸ್ತುಗಳನ್ನ ಬಳಸ್ತಾರೆ. ಅದಕ್ಕೆಲ್ಲ ಅವರೇ ಏನೇನು ಅರ್ಥ ಕೊಡ್ತಾರೆ ಅಂತ ಅವರ ಜೊತೆ ಕೂತು ತಿಳ್ಕೊಳ್ಳೋದು."

"ಅದ್ಕೆ ಡಾಕ್ಟ್ರ್ ಮಾಡ್ತ್ರಾ?" ಅಂತ ಎದುರು ಕೂತು ಶೆಟ್ಲಿ, ಅಂದರೆ ಸಿಗಡಿ, ಮಾರುವವಳು ಕೇಳಿದಳು. "ಹಾಂಗಾರೆ ನಮ್ಮ್ ಬೀದಿಯೆಲ್ಲ ಡಾಕ್ಟ್ರೇ."

ಹುಡುಗಿ ನಕ್ಕು ಅದನ್ನೂ ಬರೆದುಕೊಂಡಳು. ಮಾರ್ಕೆಟ್ಟಿಗೆ ಬರುವ ಪೇಟೆಯವರು ಮೂಗು ಮುಚ್ಚಿಕೊಳ್ಳುತ್ತಾರೆ, ನಮಗೇನೂ ಅನಿಸುವುದಿಲ್ಲ. ಇವಳು ಮುಚ್ಚಲಿಲ್ಲ. ಮುಚ್ಚದೇ ಇರಲು ಪಡುತ್ತಿದ್ದ ಕಷ್ಟ ಮುಖದ ಮೇಲೆ ಕಾಣುತ್ತಿತ್ತು. ಅದು ನನಗೆ ಹೇಸಿಗೆ. ವಾಸನೆ ಬಂದರೆ ಮೂಗು ಮುಚ್ಚಬೇಕು.

ಒಂದೂವರೆ ತಿಂಗಳು ನಮ್ಮ ಹಿಂದೆ ಸ್ಟೂಲು ಹಾಕಿಕೊಂಡು ಕೂತಳು. ನಾನು ಖಾಲಿ ಬುಟ್ಟಿಯನ್ನು ಕವುಚಿ ಇಟ್ಟರೆ, "ಅಜ್ಜಿ, ಇದರ ಅರ್ಥ ಏನು?" ನಾಯಿ ಉಚ್ಚೆ ಹೊಯ್ಯುತ್ತದೆ, ಅದಕ್ಕೆ ಕವುಚುವುದು ಅಂದೆ. ಅವಳ ಮುಖ ಬಾಡಿತು. ಶೆಟ್ಲಿಯವಳು ಅದನ್ನು ಕಂಡಳು. ಮರುದಿನ ಹುಡುಗಿ ಅವಳನ್ನು ಕೇಳಿದಾಗ, ಬುಟ್ಟಿ ಅಂದರೆ ಹೊಟ್ಟೆ, ಖಾಲಿ ಹೊಟ್ಟೆಯನ್ನು ಸೂರ್ಯನಿಗೆ ತೋರಿಸಬಾರದು ಅಂತ ಏನೋ ಹೊಸೆದು ಹೇಳಿದಳು. ಹುಡುಗಿ ಎರಡು ಪುಟ ಬರೆದಳು. ಆ ದಿನ ಅವಳು ಹೋದ ಮೇಲೆ ಇಡೀ ಸಾಲು ಹೊಟ್ಟೆ ಹಿಡಿದುಕೊಂಡು ನಕ್ಕಿತು. ಅಲ್ಲಿಂದ ಎಲ್ಲರೂ ಅರ್ಥ ಹೇಳುವುದಕ್ಕೆ ನಿಂತರು. ಉಪ್ಪಿಗೆ ಒಂದು ಅರ್ಥ, ಕತ್ತಿ ತೊಳೆಯುವುದಕ್ಕೆ ಒಂದು ಅರ್ಥ.

ನಾನು ಹೇಳಿದ ಸುಳ್ಳುಗಳ ಬಗ್ಗೆ ನನಗೆ ಬೇಸರವಿಲ್ಲ. ನಿಜ ಹೇಳಿದ್ದು ಒಂದೇ ದಿನ. ನಾದಿನಿ ಮಗಳ ಮನೆಗೆ ಬೈಂದೂರಿಗೆ ಹೋಗಿದ್ದಳು, ಮಳೆ ಹೊಡೆಯುತ್ತಿತ್ತು, ಗಿರಾಕಿ ಇಲ್ಲ. ಹುಡುಗಿ ಅರ್ಥ ಕೇಳಲಿಲ್ಲ. "ಅವರ ಹತ್ತಿರ ನೀವು ಮಾತೇ ಆಡಲ್ವಾ ಅಜ್ಜಿ?" ಅಂತ ಮಾತ್ರ ಮೆತ್ತಗೆ ಕೇಳಿದಳು. ಹತ್ತೊಂಬತ್ತು ವರ್ಷ ಯಾರೂ ಕೇಳಿರಲಿಲ್ಲ. ನನ್ನ ಬಾಯಿ ಕೊಳಕು, ಹರಿಯಿತು. ಸೋಡಾ, ಹೆಣ, ಬೆಕ್ಕು, ಎಲ್ಲ ಹೇಳಿದೆ. ಅವಳ ಮೊಬೈಲು ಬುಟ್ಟಿಯ ಅಂಚಿನಲ್ಲಿ ಮಲಗಿತ್ತು. ಅದು ಕೇಳಿಸಿಕೊಳ್ಳುತ್ತಿದೆ ಅಂತ ನನಗೆ ಗೊತ್ತಿತ್ತು. ಗೊತ್ತಿದ್ದೇ ಹೇಳಿದ್ದು. ಇದನ್ನು ಮುಚ್ಚಿಡುವುದಿಲ್ಲ.

ಹುಡುಗಿ ಹೋಗಿ ಆರೇಳು ತಿಂಗಳ ಮೇಲೆ ಮತ್ತೆ ಬಂದಳು. ಬರೆದದ್ದನ್ನು ನಮ್ಮ ಎದುರೇ ಓದುತ್ತಾಳಂತೆ. ಸರಿಯಿದೆಯೋ ಇಲ್ಲವೋ ನಾವೇ ಹೇಳಬೇಕಂತೆ. ಅದು ಅವರ ಕ್ರಮವಂತೆ. ಬುಧವಾರ ಪೇಟೆಯ ಸಭೆ ನಡೆಸುವ ಹಾಲಿನಲ್ಲಿ ಕಾರ್ಯಕ್ರಮ, ಎಲ್ಲರೂ ಬರಬೇಕು. ಸೋಮವಾರ ಎಲ್ಲರನ್ನೂ ಕರೆದು, ಆ ದಿನ ಹಳೆಯ ಹಾಗೆ ನಮ್ಮ ಹಿಂದೆ ಸ್ಟೂಲಿನಲ್ಲಿ ಕೂತಳು.

ಅದೇ ಸೋಮವಾರ ನಾದಿನಿ ಬಂಗುಡೆಯ ತಲೆಯೊಂದನ್ನು ಬೆಕ್ಕಿನ ಎದುರು ಎಸೆದು, ತಗ್ಗಿದ ಸ್ವರದಲ್ಲಿ ಹೇಳಿದಳು: "ಮೊಲೆಲಿ ಗಂಟ್ ಇತ್ತಂಬ್ರ್. ಗುರುವಾರ ಬ್ರಹ್ಮಾವರ ಆಸ್ಪತ್ರೆಗ್ ಹೋಪ್ಕ್, ಅದನ್ನ್ ಚುಚ್ಚಿ ಕಾಂತ್ರಂಬ್ರ್. ಒಬ್ಳೇ ಹೋಪ್ದ್. ಮಗ್ಳಿಗೂ ಹೇಳ್ಲಿಲ್ಲೆ. ನೀನೂ ಯಾರಿಗೂ ಹೇಳ್ಬ್ಯಾಡ ಬೆಕ್ಕೇ."

ನನ್ನ ಕೈಯಲ್ಲಿ ಕತ್ತಿ ನಿಂತಿತು. ಒಬ್ಬ ಗಿರಾಕಿ ಬಂದು ಹೋದ. ಉತ್ತರ ಕೊಡುವ ಹೊತ್ತಾಗಿತ್ತು. ಒಬ್ಬಳೇ ಯಾಕೆ, ಯಾರಾದರೂ ಬರುತ್ತಾರೆ ಅಂತ ಬೆಕ್ಕಿಗೆ ಹೇಳಬೇಕಿತ್ತು. ಇನ್ನೊಬ್ಬ ಗಿರಾಕಿ ಬಂದ. ನಾಳೆ ಹೇಳುವ ಅಂದುಕೊಂಡೆ. ಮಂಗಳವಾರ ಅವಳು ಮಾರ್ಕೆಟ್ಟಿಗೆ ಬರಲಿಲ್ಲ.

ಬುಧವಾರ ನಾವೆಲ್ಲ ಒಳ್ಳೆಯ ಸೀರೆ ಉಟ್ಟು, ಮಲ್ಲಿಗೆ ಮುಡಿದು ಹೋದೆವು. ಕುರ್ಚಿಗಳಿಗೆ ಬಿಳಿ ಬಟ್ಟೆ ಹಾಕಿದ್ದರು. ಕೇಸರಿಬಾತು ತುಪ್ಪದಲ್ಲಿ ಈಜುತ್ತಿತ್ತು. ವೇದಿಕೆಯ ಮೇಲೆ ಹುಡುಗಿಯ ಗುರು, ಒಬ್ಬ ಪ್ರೊಫೆಸರು. ನಾದಿನಿ ನನ್ನಿಂದ ಎರಡು ಸಾಲು ಮುಂದೆ ಕೂತಿದ್ದಳು.

ಹುಡುಗಿ ಓದಿದಳು. ಹೆಸರು ಹಾಕಿರಲಿಲ್ಲ. ನಾನು ಮಹಿಳೆ ಮೂರು, ನಾದಿನಿ ಮಹಿಳೆ ನಾಲ್ಕು. ಪರದೆಯ ಮೇಲೆ ಬೆಕ್ಕಿನ ಫೋಟೋ ಬಂತು. "ಅರ್ಥ ಎಂಬುದು ಬೆಕ್ಕಿನಲ್ಲಿಲ್ಲ," ಅಂತ ಓದಿದಳು. "ಅದು ಈ ಇಬ್ಬರು ಮಹಿಳೆಯರ ನಡುವಿನ ವ್ಯವಹಾರದಲ್ಲಿ ಹುಟ್ಟಿ, ದಿನದಿನವೂ ಹೊಸದಾಗುತ್ತದೆ." ಆ ಮಾತು ಸರಿ. ನಾನೇ ಹೇಳಿದ್ದರೂ ಅಷ್ಟು ಸರಿಯಾಗಿ ಹೇಳುತ್ತಿರಲಿಲ್ಲ. ಆಮೇಲೆ ಬೆಕ್ಕು ಅಂದರೆ ಸತ್ತ ಗಂಡನ ಸಂಕೇತ ಅಂದಳು. ನನ್ನ ಗಂಡನಿಗೆ ಮೀನಿನ ತಲೆ ಕಂಡರೆ ಆಗುತ್ತಿರಲಿಲ್ಲ.

ಹಿಂದಿನ ಸಾಲಿನಿಂದ ಯಾರೋ "ಮಿಯಾಂವ್" ಅಂದರು. ಹಾಲಿನಲ್ಲಿದ್ದವರೆಲ್ಲ ನಕ್ಕರು. ಹುಡುಗಿಯೂ ನಕ್ಕು, ಮುಂದಕ್ಕೆ ಓದಿದಳು. ಹೆಣದ ಎದುರು ಆಡಿದ ಮಾತು ಓದಿದಳು, ಸೋಡಾ ಸಮೇತ. ಕೊನೆಗೆ, ಹೊಸದಾಗಿ ಸೇರಿಸಿದ್ದು ಅಂತ ಒಂದು ಚೀಟಿ ತೆಗೆದು ಓದಿದಳು: "ತನ್ನ ಎದೆಯಲ್ಲಿ ಗಂಟಿರುವ ಸಂಗತಿಯನ್ನೂ ಮಹಿಳೆ ನಾಲ್ಕು, ಮಗಳಿಗೂ ಹೇಳದೆ, ಬೆಕ್ಕಿನ ಮೂಲಕ ಮಹಿಳೆ ಮೂರಕ್ಕೆ ಮಾತ್ರ ತಿಳಿಸುತ್ತಾಳೆ. ನಂಬಿಕೆಗೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಕಿಲ್ಲ."

ನಗು ನಿಂತಿತು. ಅಷ್ಟೂ ತಲೆಗಳು ನಾದಿನಿಯ ಕಡೆ ತಿರುಗಿದವು, ಮುಖಕ್ಕಲ್ಲ, ಎದೆಗೆ. ಅವಳು ಸೆರಗು ಎಳೆದುಕೊಂಡಳು.

ಹುಡುಗಿ ಮೈಕು ಹಿಡಿದುಕೊಂಡು ಕೆಳಗಿಳಿದು ನನ್ನ ಹತ್ತಿರ ಬಂದಳು. "ನಾನು ಅರ್ಥ ಮಾಡಿಕೊಂಡಿದ್ದು ಸರೀನಾ ಅಜ್ಜಿ? ತಪ್ಪಿದ್ದರೆ ಹೇಳಿ."

"ಗಂಡನ್ ಸುದ್ದಿ ಒಂದ್ ಬಿಟ್ರೆ ಎಲ್ಲ ಸರಿ ಇತ್ತ್," ಅಂದೆ. "ಸರಿ ಇತ್ತ್ ಅಂದೇಳಿ ಊರಿಗೆಲ್ಲ ಹೇಳೂದಾ? ಹೊಟ್ಟಿಲ್ ಹೇಲ್ ಇಪ್ಪುದೂ ಸರಿಯೇ. ಇಲ್ಲ್ ತೆಗ್ದ್ ತೋರ್ಸ್ತ್ರಾ?"

ಹೆಂಗಸರು ಬಾಯಿಗೆ ಸೆರಗು ಹಿಡಿದರು. ಪ್ರೊಫೆಸರು ಮಾತ್ರ ವೇದಿಕೆಯಿಂದ ತಲೆಯಾಡಿಸಿ, "ಬಹಳ ಮುಖ್ಯವಾದ ಪ್ರತಿಕ್ರಿಯೆ, ಬರೆದುಕೋ," ಅಂದ. ಹುಡುಗಿ ಬರೆದುಕೊಂಡಳು. ಅಲ್ಲಿಯವರೆಗೆ ನನಗೆ ಸಿಟ್ಟಿತ್ತು. ಆ ಪೆನ್ನು ಓಡುವುದನ್ನು ಕಂಡ ಮೇಲೆ ವಾಕರಿಕೆ ಬಂತು. ನಾನು ಉಗಿದರೆ ಉಗುಳನ್ನೂ ಬಾಟಲಿಯಲ್ಲಿ ತುಂಬಿಕೊಳ್ಳುವ ಜನ.

ಹೊರಗೆ ಬರುವುದರೊಳಗೆ ಯಾರೋ ಬೈಂದೂರಿಗೆ ಫೋನು ಮಾಡಿ ಆಗಿತ್ತು. ಗೇಟಿನ ಹತ್ತಿರ ನಾದಿನಿ ಮೊಬೈಲಿನಲ್ಲಿ ಮಗಳಿಗೆ ಹೇಳುತ್ತಿದ್ದಳು: "ನಂಗೆಂತ ಆಯ್ಲಿಲ್ಲೆ. ನೀ ಬಪ್ಪುದ್ ಬ್ಯಾಡ. ನಾನ್ ಯಾವ್ ಆಸ್ಪತ್ರೆಗೂ ಹೋತಿಲ್ಲೆ. ಮಾರ್ಕೆಟ್ಟಿಗೂ ಹೋತಿಲ್ಲೆ. ಎಲ್ಲರೂ ಎದೆ ಕಾಂಬುಕೆ ನಾನೆಂತ ಪರ್ದೆ ಮೇಲಿನ್ ಫೋಟೋವಾ?" ಫೋನು ಇಟ್ಟು, ನನ್ನ ಪಕ್ಕದಲ್ಲೇ ಹಾದು ಹೋದಳು. ಅಲ್ಲಿ ಬೆಕ್ಕೂ ಇರಲಿಲ್ಲ, ಪೆಟ್ಟಿಗೆಯೂ ಇರಲಿಲ್ಲ. ಇದ್ದಿದ್ದರೂ ಇನ್ನು ಅದಕ್ಕೆ ಹೇಳುವ ಹಾಗಿರಲಿಲ್ಲ. ಯಾರು ಬೆಕ್ಕಿನ ಕಡೆ ಬಾಯಿ ತೆರೆದರೂ ಊರು ಕಿವಿ ಕೊಡುತ್ತದೆ.

ಹುಡುಗಿ ಹಿಂದಿನಿಂದ ಓಡಿ ಬಂದಳು. "ಅಜ್ಜಿ, ಹೆಸರು ಹಾಕಿಲ್ಲವಲ್ಲ."

"ಮಗಾ, ಕುಂದಾಪ್ರ ಮಾರ್ಕೆಟ್ಟಗೆ ಮಾತ್ ಬಿಟ್ಟ ಅತ್ಗೆ-ನಾದ್ನಿ ಎಷ್ಟ್ ಜೋಡಿ ಇತ್ತ್?"

ಅವಳು ಅತ್ತಳು. ನಾನು ಸಮಾಧಾನ ಮಾಡಲಿಲ್ಲ. ಅವಳು ಕೆಟ್ಟವಳಲ್ಲ. ಕೆಟ್ಟವಳಾಗಿದ್ದರೆ ನಾನು ಅಂದು ಬಾಯಿ ಬಿಡುತ್ತಲೇ ಇರಲಿಲ್ಲ. ಆ ಸಂಜೆ ಮನೆಯಲ್ಲಿ ಹಲ್ಲುಜ್ಜಿದೆ, ಎರಡು ಸಲ. ಬಾಯಿ ಶುದ್ಧವಾಗಲಿಲ್ಲ. ಅವಳು ಓದಿದ ಪ್ರತಿ ಮಾತೂ ಮೊದಲು ನನ್ನ ಬಾಯಿಂದ ಬಂದದ್ದು. ಗಂಟಿನ ಮಾತು ಮಾತ್ರ ನನ್ನದಲ್ಲ. ಆದರೆ ಬೆಕ್ಕಿಗೆ ಹೇಳಿದ್ದು ಯಾರಿಗೆ ಸೇರಬೇಕು ಅಂತ ಅವಳಿಗೆ ಕಲಿಸಿದವಳು ನಾನೇ.

ಮರುದಿನ ಬೆಳಿಗ್ಗೆ ನಾನು ಗಂಗೊಳ್ಳಿಗೆ ಹೋಗಲಿಲ್ಲ. ಬಸ್ಸು ಹತ್ತಿ ಕುಂಭಾಶಿಯಲ್ಲಿ ಇಳಿದು, ಕಡಲ ಕಡೆಯ ದಾರಿಯಲ್ಲಿ ನಡೆದು ನಾದಿನಿಯ ಮನೆಗೆ ಹೋದೆ. ಗಂಡ ಸತ್ತ ಮೇಲೆ ಆ ಅಂಗಳಕ್ಕೆ ಕಾಲಿಟ್ಟಿರಲಿಲ್ಲ. ಅವಳು ಹಳೆ ಸೀರೆಯಲ್ಲಿ ಬಟ್ಟೆ ಒಗೆಯುವ ಕಲ್ಲಿನ ಹತ್ತಿರ ನಿಂತಿದ್ದಳು. ನಾನು ಅವಳ ಮುಖವನ್ನೇ ನೋಡಿದೆ. ಮುದುಕಿಯಾಗಿದ್ದಳು. ಪಕ್ಕದಲ್ಲೇ ಕೂತು ನನಗೆ ಗೊತ್ತಾಗಿರಲಿಲ್ಲ.

"ಸೀರೆ ಬದ್ಲಾಯ್ಸ್. ಬ್ರಹ್ಮಾವರಕ್ಕೆ ಹೋಪ," ಅಂದೆ.

ಅವಳು ಬಟ್ಟೆ ಕುಕ್ಕಿದಳು. "ನಂಗೆಂತಕ್ಕೆ ಹೇಳ್ತೆ? ಹಾಲಿಗ್ ಹೋಯಿ ಹೇಳ್. ಮೈಕ್ ಇತ್ತಲ್ಲ."

"ಆ ಹುಡ್ಗಿಗ್ ಎಲ್ಲ ಹೇಳಿದ್ದ್ ನಾನೇ. ಬೈ. ದಾರಿಯೆಲ್ಲ ಬೈ. ಆದ್ರೆ ನಾಳೆ ಹೋಪ ಅಂಬ್ದ್ ಬ್ಯಾಡ. ಇವತ್ತೇ."

"ನಾಳೆ ಅಂಬ್ದ್ ನಿನ್ ಚಾಳಿ. ನಂದಲ್ಲ," ಅಂದಳು.

ಅವಳು ಇನ್ನೂ ಎರಡು ಬಟ್ಟೆ ಒಗೆದಳು. ನಾನು ನಿಂತೇ ಇದ್ದೆ. ಆಮೇಲೆ ಕೈ ಒರೆಸಿಕೊಂಡು ಒಳಗೆ ಹೋದಳು. ಹೊರಗೆ ಬಂದಾಗ ಮೈಮೇಲೆ ಬೇರೆ ಸೀರೆಯಿತ್ತು, ಕೈಯಲ್ಲಿ ಆಸ್ಪತ್ರೆಯ ಕಾಗದಗಳ ಪ್ಲಾಸ್ಟಿಕ್ ಚೀಲ. ನಾನು ಆ ಚೀಲವನ್ನು ಅವಳ ಕೈಯಿಂದ ಕಿತ್ತುಕೊಂಡು ಬಸ್ ಸ್ಟಾಪಿನ ಕಡೆ ಮುಂದೆ ನಡೆದೆ. ಅವಳು ಹಿಂದಿನಿಂದ ಬೈಯುತ್ತಾ ಬಂದಳು.