ಇಪ್ಪತ್ತು ವರ್ಷದ ಕೊಳೆ, ಮೂರೇ ಗಂಟೆಯಲ್ಲಿ

ಬೆಳಗಿನ ಐದೂಮುಕ್ಕಾಲು. ತಗಡಿನ ಶೆಡ್ಡಿನೊಳಗೆ ಪ್ಲೈವುಡ್ಡಿನ ಅಡುಗೆಮನೆಯೊಂದು ಎದ್ದು ನಿಂತಿದೆ. ಕಲಾ ನಿರ್ದೇಶಕಿ ಸ್ಪಂಜನ್ನು ಟೀ ನೀರಿನಲ್ಲಿ ಅದ್ದಿ ಸ್ವಿಚ್ಚಿನ ಸುತ್ತ ಮೆತ್ತಗೆ ತಟ್ಟುತ್ತಿದ್ದಾರೆ. ಹನ್ನೊಂದು ದಿನದ ಈ ಗೋಡೆಗೆ ಇಪ್ಪತ್ತು ವರ್ಷ ವಯಸ್ಸಾಗಬೇಕು. ಸೆಟ್ಟಿನಲ್ಲಿ ಎಲ್ಲರ ಬಾಯಲ್ಲೂ ಇವರು ‘ಕೊಳೆಯಕ್ಕ’. ಹಾಗೆ ಕರೆದರೇ ಬೇಗ ಓಗೊಡುತ್ತಾರೆ.

ಇಪ್ಪತ್ತಾರು ವರ್ಷ, ನಲವತ್ತೊಂದು ಸಿನಿಮಾ. ಬಣ್ಣದ ಬಕೆಟ್ ಹೊರುವುದರಿಂದ ಶುರುವಾದ ಬದುಕು. ಹೊಸ ಬಾಗಿಲನ್ನು ಸವೆಸುವುದು, ಹೊಳೆಯುವ ಪಾತ್ರೆಗೆ ಮಸಿ ಹಿಡಿಸುವುದು ಇವರಿಗೆ ಕರಗತ. ಆದರೂ ಅಷ್ಟೂ ಸಿನಿಮಾಗಳಲ್ಲಿ ಇವರು ಇನ್ನೊಬ್ಬರ ಸಹಾಯಕಿ. “ಊರೆಲ್ಲ ಕೊಳೆ ತೊಳೆದು ಬದುಕುತ್ತೆ, ನನ್ನ ಮಗಳು ಹಚ್ಚಿ ಬದುಕ್ತಾಳೆ ಅಂತ ಅಮ್ಮ ಸಿಕ್ಕವರಿಗೆಲ್ಲ ಹೇಳ್ತಾರೆ,” ಎಂದು ನಗುತ್ತಾರೆ.

ಇಡೀ ಮನೆಯನ್ನು ತಾವೇ ಕಲ್ಪಿಸಿ ಕಟ್ಟಿಸಿದ ಮೊದಲ ಸಿನಿಮಾ ಇದು. ಒಂಬತ್ತಕ್ಕೆ ಮೊದಲ ಶಾಟ್. ಕರೆಂಟು ಹೋದ ತನ್ನ ಅಡುಗೆಮನೆಗೆ ಬಟ್ಟೆ ಹೊಲಿಯುವ ಹೆಂಗಸೊಬ್ಬಳು ಬಂದು, ಕತ್ತಲಲ್ಲೇ ಟೀ ಕಾಯಿಸಬೇಕು. ನಾಲ್ಕು ನಿಮಿಷ, ಎಲ್ಲೂ ಕಟ್ ಇಲ್ಲ. ಕಣ್ಣು ನೋಡದಿದ್ದರೂ ಕೈಗೆ ಆ ಮನೆ ಗೊತ್ತಿರಬೇಕು. ಸೆಟ್ ಕೈಕೊಟ್ಟರೆ? “ಮತ್ತೆ ಬಕೆಟ್ ಹಿಡ್ಕೊಂಡು ಇನ್ನೊಬ್ಬರ ಹಿಂದೆ ನಡೆಯೋದೇ.”

ಆರಕ್ಕೆ ಉಡುಪಿನ ವಿಭಾಗದ ಹೆಂಗಸು ಬಂದು ಸಹಜವಾಗಿ ಹೇಳುತ್ತಾರೆ: “ಅಮ್ಮನವರ ವಾಚು ಬಲಗೈಗೆ ಕಟ್ಟಬೇಕಂತೆ. ಅವರು ಎಡಚರಲ್ವಾ?”

ಅಮ್ಮನವರೆಂದರೆ ಮುಖ್ಯ ಪಾತ್ರದ ಹಿರಿಯ ನಟಿ. ಕೊಳೆಯಕ್ಕನ ಕೈಯಿಂದ ಸ್ಪಂಜು ಜಾರುತ್ತದೆ. ಬಾಗಿಲ ಚೌಕಟ್ಟಿನ ಜಿಡ್ಡು, ಡಬ್ಬಿಗಳ ಸಾಲಿನ ಮುಂದಿನ ಸವೆತ, ಕಟ್ಟೆಯ ಹಲಗೆಯ ಮೇಲಿನ ಚಾಕುವಿನ ಗೀರು, ಎಲ್ಲವೂ ಬಲಗೈಯವರವು. ಹನ್ನೊಂದು ದಿನ ಇವರು ತಮ್ಮದೇ ಕೈಯನ್ನು ನಂಬಿಕೊಂಡು ಕೂತಿದ್ದರು.

“ಬಿಡಕ್ಕ, ಯಾರು ನೋಡ್ತಾರೆ?” ಎನ್ನುತ್ತಾನೆ ಸೆಟ್ಟಿನ ಬಡಗಿ, ಇವರ ಒಡಹುಟ್ಟಿದ ತಮ್ಮ.

“ಆ ಅಮ್ಮನ ಕೈ ನೋಡುತ್ತೆ ಕಣೋ. ಸೀಮೆಸುಣ್ಣ ತಗೊ.”

ಆಮೇಲೆ ನಡೆದದ್ದನ್ನು ಕಂಡು ಲೈಟಿನವರು ಕೆಲಸ ಬಿಟ್ಟು ನಿಲ್ಲುತ್ತಾರೆ. ಕೊಳೆಯಕ್ಕ ತಮ್ಮ ಬಲಗೈಯನ್ನು ದುಪಟ್ಟಾದಿಂದ ಸೊಂಟಕ್ಕೆ ಬಿಗಿಸಿಕೊಂಡು, ಎಡಗೈಯೊಂದರಲ್ಲೇ ಆ ಮನೆಯಲ್ಲಿ ಸಂಸಾರ ಹೂಡುತ್ತಾರೆ. ಬಾಗಿಲು ಹಿಡಿದು ಒಳಬರುತ್ತಾರೆ, ಡಬ್ಬಿ ಎಳೆಯುತ್ತಾರೆ, ಒಲೆ ಹಚ್ಚುತ್ತಾರೆ, ಕ್ಯಾರೆಟ್ ಹೆಚ್ಚುತ್ತಾರೆ. ಮುಚ್ಚಳ ಬೀಳುತ್ತದೆ, ಸಕ್ಕರೆ ಚೆಲ್ಲುತ್ತದೆ. ಎಡಗೈ ಮುಟ್ಟಿದಲ್ಲೆಲ್ಲ ಸೀಮೆಸುಣ್ಣದಲ್ಲಿ ಗುರುತು ಹಾಕುತ್ತಾ ತಮ್ಮನೂ ಹಿಂದೆಯೇ ಓಡುತ್ತಾನೆ.

“ಅಕ್ಕ, ನಿನ್ನ ಅಡುಗೆ ಬಲಗೈಯಲ್ಲೂ ಹೀಗೇ ಇರುತ್ತಲ್ವಾ?”

“ಬಾಯಿ ಮುಚ್ಚು, ಗುರುತು ಹಾಕು.”

ಒಟ್ಟು ಮೂವತ್ತೇಳು ಗುರುತು. ಏಳೂವರೆಗೆ ದುಪಟ್ಟಾ ಬಿಚ್ಚಿ ಇಬ್ಬರೂ ಬ್ರಷ್ಷು ಹಿಡಿಯುತ್ತಾರೆ. ಹಳೆಯ ಕಲೆಗಳ ಮೇಲೆ ಗೋಡೆಯ ಬಣ್ಣ, ಹೊಸ ಜಾಗಕ್ಕೆ ಮಸಿ, ಎಣ್ಣೆ, ಟೀ ನೀರು. ಡಬ್ಬಿಗಳು ಎಡಕ್ಕೆ ಬರುತ್ತವೆ. ಕಟ್ಟೆಯ ಹಲಗೆಯನ್ನು ಮಗುಚಿ ಹಾಕಿ ಮತ್ತೆ ಗೀರು ಕೊರೆಯುತ್ತಾರೆ. ನಿರ್ದೇಶಕರು ಒಳಗೆ ಕಾಲಿಟ್ಟಾಗ ಒಂಬತ್ತಕ್ಕೆ ನಾಲ್ಕು ನಿಮಿಷ ಬಾಕಿ. ಬಣ್ಣ ಇನ್ನೂ ಪೂರ್ತಿ ಆರಿಲ್ಲ. ರಟ್ಟು ಹಿಡಿದು ತಮ್ಮ ಗಾಳಿ ಹಾಕುತ್ತಿದ್ದಾನೆ.

ದೀಪ ಆರುತ್ತದೆ. ಹಿರಿಯ ನಟಿ ಬಾಗಿಲಿಗೆ ಬರುತ್ತಾರೆ. ಎಡಗೈ ಚೌಕಟ್ಟಿನ ಜಿಡ್ಡಿನ ಮೇಲೆ ಕೂರುತ್ತದೆ, ಅಲ್ಲಿಂದ ನೇರ ಡಬ್ಬಿಗೆ, ಡಬ್ಬಿಯಿಂದ ಒಲೆಗೆ. ಒಮ್ಮೆಯೂ ತಡಕಾಡುವುದಿಲ್ಲ. ಮೂಲೆಯಲ್ಲಿ ನಿಂತ ಕೊಳೆಯಕ್ಕ ತಮ್ಮನ ತೋಳನ್ನು ಹಿಂಡಿ ಹಿಪ್ಪೆ ಮಾಡುತ್ತಿದ್ದಾರೆ. ನಾಲ್ಕು ನಿಮಿಷ, ಒಂದೇ ಟೇಕು, ಓಕೆ. ಕೊಳೆಯಕ್ಕನಿಗೆ ಅಳುವೂ ನಗುವೂ ಒಟ್ಟಿಗೇ ಬರುತ್ತವೆ.

“ಚೆನ್ನಾಗಿದೆ ಅಂತ ಯಾರೂ ಹೇಳೋದು ಬೇಡ,” ಎನ್ನುತ್ತಾರೆ ಆಮೇಲೆ, ಉಗುರಿನ ಮಸಿ ಕೆರೆಯುತ್ತಾ. “ನಾನು ಕಟ್ಟಿದ್ದು ಅಂತ ಗೊತ್ತೇ ಆಗಬಾರದು. ಅಷ್ಟಾದರೆ ಸಾಕು.”

ಅಷ್ಟರಲ್ಲಿ ನಟಿಯೇ ಇತ್ತ ಬರುತ್ತಾರೆ. “ಈ ಬಾಗಿಲು, ಕಟ್ಟೆ ಎಲ್ಲ ಯಾವ ಮನೆಯಿಂದ ಕಿತ್ತು ತಂದ್ರಮ್ಮ? ಆ ಮನೆಯಾಕೆಯೂ ನನ್ನ ಹಾಗೆ ಎಡಚೀನಾ?”

ಕೊಳೆಯಕ್ಕ ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಳ್ಳುತ್ತಾರೆ.

“ಹೌದಮ್ಮ,” ಎನ್ನುತ್ತಾರೆ. “ಇವತ್ತು ಬೆಳಿಗ್ಗೆಯಿಂದ.”