ಉತ್ತರಕ್ಕೆ ಭದ್ರಾ ನಾಲೆ

ಹರಿಹರದ ಕೋರ್ಟಿನ ಮೆಟ್ಟಿಲ ಮೇಲೆ ಅಪರಿಚಿತರೊಬ್ಬರು ನನ್ನನ್ನು ತಡೆದರು. "ಹಾಸಿಗೆ ಹೊಲಿಯೋ ಹಮೀದಾಬಿ ವಕೀಲ್ರು ನೀವೇ ಏನ್ರಿ?"

"ಹೌದು."

"ನನ್ ಮನೇನ ಯಾಕ ನಾಲೆ ಮಾಡೀರಿ?"

ದಾವೆಯ ನಕಲು ತೋರಿಸಿದರು. ಹಮೀದಾಬಿಯ ಮನೆಯ ನಾಲ್ಕೂ ದಿಕ್ಕಿನ ಗಡಿ ಹೇಳುವ ಚಕ್ಕುಬಂದಿಯಲ್ಲಿ "ಉತ್ತರಕ್ಕೆ ಭದ್ರಾ ನಾಲೆ" ಎಂದಿತ್ತು. ನಾವು ವಕೀಲರು ದಾವೆಯನ್ನು ಹೊಸದಾಗಿ ಬರೆಯುವುದು ಕಡಿಮೆ. ಕಂಪ್ಯೂಟರಿನಲ್ಲಿ ಹಳೆಯದೊಂದನ್ನು ತೆರೆದು ಹೆಸರು ಬದಲಿಸುತ್ತೇವೆ. ಹಳೆಯ ದಾವೆಯೊಂದರಲ್ಲಿದ್ದ, ಹದಡಿ ಊರಿನ ಗದ್ದೆ ಪಕ್ಕದ ನಾಲೆ ಹೀಗೆ ಹರಿಹರದ ಓಣಿಗೆ ಬಂದುಬಿಟ್ಟಿತ್ತು.

ಅವತ್ತೇ ಸಾಕ್ಷಿ ವಿಚಾರಣೆ ಶುರುವಾಗಬೇಕು. ಶುರುವಾದ ಮೇಲೆ ತಿದ್ದುಪಡಿಗೆ ಕೋರ್ಟು ಸುಲಭಕ್ಕೆ ಒಪ್ಪುವುದಿಲ್ಲ.

"ನೀವ್ಯಾರು?"

"ಎದುರು ಪಾರ್ಟಿ ರೀ. ಹಮೀದಕ್ಕನ ಮನೆಗೂ ನಮ್ಮನೆಗೂ ನಡುವಿನ ಸಂದಿಗೇ ಅಲ್ವೇನ್ರಿ ಈ ಜಗಳ? ತಪ್ಪೈತೆ ಅಂತ ಹೇಳಬ್ಯಾಡ ಅಂದಿದ್ರು ನಮ್ ವಕೀಲ್ರು. ಆದ್ರೆ ಮೊನ್ನೆನೇ ಬಣ್ಣ ಹೊಡಿಸೀನಿ. ನಾಲೆ ಅಂದ್ರೆ ಹೆಂಗೆ ಸುಮ್ನಿರ್ಲಿ?"

ಅಲ್ಲೇ ಕೂತು ತಿದ್ದುಪಡಿ ಅರ್ಜಿ ಬರೆದೆ. ಕೋರ್ಟಿನೊಳಗೆ ಅವರ ವಕೀಲರು ಗಟ್ಟಿಯಾಗಿ ತಕರಾರು ತೆಗೆದರು.

"ಹಾಗಾದರೆ ನಿಮ್ಮ ಕಕ್ಷಿದಾರರು ಇರುವುದೆಲ್ಲಿ?" ಎಂದರು ನ್ಯಾಯಾಧೀಶರು.

ಹಿಂದಿನಿಂದ ಅವರೇ ಕೂಗಿದರು: "ಮನೆಯೊಳಗೆ ಸ್ವಾಮಿ, ನೀರೊಳಗಲ್ಲ!"

ಅರ್ಜಿ ಮಂಜೂರಾಯಿತು. ಸಂದಿ ಯಾರದೆಂದು ಇನ್ನೂ ತೀರ್ಮಾನವಾಗಿಲ್ಲ. ಆದರೆ ಕೇಸು ಗೆದ್ದವರ ಗತ್ತಿನಲ್ಲಿ ಅವತ್ತು ಮೆಟ್ಟಿಲಿಳಿದವರು, ನನ್ನ ಅರ್ಜಿಯೆದುರು ಸೋತ ಅವರೊಬ್ಬರೇ.