ಕಣ್ಣೆತ್ತಿದರೆ ಎಳೆ ಕಡಿಯುತ್ತೆ

ಜಪಾನಿ ಅತಿಥಿಯೊಬ್ಬರಿಗೆ ದುಭಾಷಿಯಾಗಿ ರಾಮನಗರದಲ್ಲಿ ರೇಷ್ಮೆ ನೂಲು ತೆಗೆಯುವವರ ಮನೆಗೆ ಹೋಗಿದ್ದೆ. ಗಂಡನ ಎದುರು ಕೂತು ಬಿಸಿನೀರಲ್ಲಿ ರೇಷ್ಮೆಗೂಡು ಆಡಿಸುತ್ತಿದ್ದ ನಸೀಮಾ, "ಬ್ಯಾರೆ ದಿನ ಏನ್ ಕೆಲ್ಸ ಸಾರ್?" ಅಂದರು.

ಜಪಾನಿನ ವಯಸ್ಕರ ಗೇಮುಗಳ ಅನುವಾದವೇ ನನ್ನ ಹೊಟ್ಟೆಪಾಡು. 'ವಯಸ್ಕರ' ಅನ್ನೋದನ್ನ ನುಂಗಿಕೊಂಡು ಹೇಳಿದೆ: "ಗೇಮಲ್ಲಿ ಒಬ್ಬ ಕಾಲಾನೇ ನಿಲ್ಲಿಸ್ತಾನೆ. ಎಲ್ರೂ ಬೊಂಬೆ ಥರ ನಿಂತೋಗ್ತಾರೆ."

"ಆಮೇಲೆ?"

"ಹುಡುಗೀರ್ನ... ಹತ್ರದಿಂದ ನೋಡ್ತಾನೆ."

"ಪಾಪ, ಅವ್ರು ತಿರುಗಿ ನೋಡ್ಬುಟ್ರೆ ಅಂತ ಭಯ ಅವನ್ಗೆ," ಅಂದರು. ಎಳೆಯಿಂದ ಕಣ್ಣು ಕೀಳದೆ ಮುಂದುವರಿಸಿದರು: "ನಂಗೂ ಕಾಲಾನ ಒಸಿ ನಿಲ್ಸೋ ಆಸೆ ಐತೆ. ಇಪ್ಪತ್ತು ವರ್ಷದಿಂದ ನಮ್ಮೋರ ಎದುರಿಗೇ ಕೂತಿವ್ನಿ, ಕಣ್ಣೆತ್ತಿದ್ರೆ ಎಳೆ ಕಡಿಯುತ್ತೆ. ಒಂದ್ಸಲ ನಿಧಾನಕ್ಕೆ ಅವ್ರ ಮುಖ ನೋಡ್ಬೇಕು."

ಎದುರು ಕೂತಿದ್ದ ಗಂಡನ ಎಳೆ ಪಟ್ಟನೆ ಕಡಿಯಿತು.

ಆಕೆ ಏನಂದರು ಎಂದು ಅತಿಥಿ ಕೇಳಿದರು. ಆ ಗೇಮುಗಳ ಮಾತನ್ನೆಲ್ಲ ಅಳುಕಿಲ್ಲದೆ ಅನುವಾದಿಸುವ ನನಗೆ, ಇದನ್ನು ಹೇಳಲು ನಾಚಿಕೆಯಾಯಿತು.